ಗರಗಸ ನಿಂತ ಹೊತ್ತು

ದೊಡ್ಡಮ್ಮನ ಹಿಂಗಾಲಿನ ಗಾಯದೊಳಗೆ ನನ್ನ ಮುಷ್ಟಿ ಪೂರ್ತಿ ಹೋಗುತ್ತಿತ್ತು. ದಿನಾ ಬೆಳಗ್ಗೆ ಉಪ್ಪುನೀರು ಕಾಯಿಸಿ, ಹಳೇ ಬಟ್ಟೆಯ ಚೂರು ಅದ್ದಿ, ಒಳಗೆ ಕೈಹಾಕಿ ಕೀವು ಬಳಿದು ಹುಳ ತೆಗೆಯುವುದು ನನ್ನ ಕೆಲಸ. ನೋವಿಗೆ ಅವಳು ಒಂದೇ ಒಂದು ಸಲ ಕಾಲು ಝಾಡಿಸಿದ್ದರೆ ಸಾಕಿತ್ತು, ನಾನು ಹಿಂದಿನ ಗೋಡೆಗೆ ಅಂಟಿಕೊಂಡಿರುತ್ತಿದ್ದೆ. ಒಂದು ದಿನವೂ ಝಾಡಿಸಲಿಲ್ಲ. ಸೊಂಡಿಲ ತುದಿಯನ್ನು ತನ್ನ ಬಾಯೊಳಗೇ ಇಟ್ಟುಕೊಂಡು ಸುಮ್ಮನೆ ನಿಂತಿರುತ್ತಿದ್ದಳು. ನಾನು ಕೈ ತೊಳೆದುಕೊಳ್ಳುವಷ್ಟರಲ್ಲಿ ತಮ್ಮ ಬಂದು ಅದೇ ಕಾಲಿನ ಮೇಲೆ ಸರಪಳಿ ಬಿಗಿದು, ಅವಳನ್ನು ದಿಮ್ಮಿ ಎಳೆಯಲು ಕರೆದುಕೊಂಡು ಹೋಗುತ್ತಿದ್ದ. ಹೋಗುವಾಗ ನನ್ನ ಮುಖ ನೋಡುತ್ತಿರಲಿಲ್ಲ.

ದೊಡ್ಡಮ್ಮ ಅಂದರೆ ಆನೆ. ನಮ್ಮ ಮರದ ಮಿಲ್ಲಿನಲ್ಲಿ ಇದ್ದದ್ದು ಎರಡು. ಐವತ್ತಾರು ವರ್ಷದವಳು ದೊಡ್ಡಮ್ಮ, ಇಪ್ಪತ್ತೆರಡರವಳು ಚಿಕ್ಕಮ್ಮ. ಹೊರಗಿನವರು ಕೇಳಿದರೆ ನಗುತ್ತಾರೆ. ಹಾಗಾದರೆ ನಿಮ್ಮತ್ತೆ ಯಾರು, ಆ ಲಾರಿಯಾ ಅನ್ನುತ್ತಾರೆ. ನಮ್ಮಪ್ಪ ದೊಡ್ಡಮ್ಮನ ಮಾವುತನಾಗಿದ್ದ. ನಾನೂ ನನ್ನ ತಮ್ಮನೂ ನೆಲದ ಮೇಲೆ ನೆಟ್ಟಗೆ ನಡೆಯುವ ಮೊದಲೇ ಅವಳ ಬೆನ್ನ ಮೇಲೆ ಕೂರಲು ಕಲಿತವರು. ಅಪ್ಪ ಹೋದ ಮೇಲೆ ತಮ್ಮ ಮಾವುತನಾದ. ಗಂಡ ತೀರಿಕೊಂಡ ಮೇಲೆ ನಾನೂ ಇಲ್ಲಿಗೇ ಬಂದು ಆನೆಗಳ ಕೊಪ್ಪರಿಗೆಗೆ ಒಲೆ ಹಚ್ಚಿದೆ. ಧಾನ್ಯ ಬೇಯಿಸಿ ತಲೆಗಾತ್ರದ ಉಂಡೆ ಕಟ್ಟುವುದು, ಗಾಯ ತೊಳೆಯುವುದು, ಲದ್ದಿ ಎತ್ತುವುದು. ಇರಲು ಕೊಟ್ಟಿಗೆಯ ಪಕ್ಕದಲ್ಲೇ ತಗಡಿನ ಕೋಣೆ. ಅದೂ ಮಿಲ್ಲಿನ ಯಜಮಾನರದೇ.

ಕಾಲಿನ ಕಥೆ ಹೇಳಬೇಕು. ಹೋದ ವರ್ಷ ಇಳಿಜಾರಿನಲ್ಲಿ ದಿಮ್ಮಿಯೊಂದು ಜಾರಿ ಅವಳ ಹಿಂಗಾಲಿಗೆ ಬಡಿಯಿತು. ತಮ್ಮ ಹೋಗಿ ಹದಿನೈದು ದಿನ ರಜೆ ಕೇಳಿದ, ತನಗಲ್ಲ, ಅವಳಿಗೆ. ಯಜಮಾನರು ನಕ್ಕು, "ಮೂರು ಕಾಲು ನೆಟ್ಟಗಿದಾವಲ್ಲ. ನಿಂಗೆ ಇರೋದೇ ಎರಡು, ನೀನು ದುಡೀತಿಲ್ವಾ?" ಅಂದರು. ಅಲ್ಲಿದ್ದವರೆಲ್ಲ ನಕ್ಕರು. ನಾನೂ ನಕ್ಕೆ, ಅದನ್ನು ನೆನೆದರೆ ಈಗಲೂ ನಾಚಿಕೆಯಾಗುತ್ತದೆ.

ಸರಪಳಿಯ ಅಡಿಯಲ್ಲಿ ಗಾಯ ದೊಡ್ಡದಾಗುತ್ತಾ ಹೋಯಿತು. ಒಂದು ದಿನ ಕೈಹಾಕಿದಾಗ ಬೆರಳಿಗೆ ಮೂಳೆ ತಾಗಿತು. ಅವತ್ತೇ ನಾನು ತಮ್ಮನಿಗೆ ಹೇಳದೆ, ಉಪ್ಪು ತರುತ್ತೇನೆಂದು ಸುಳ್ಳು ಹೇಳಿ, ಪೊಲೀಸ್ ಠಾಣೆಗೆ ಹೋದೆ.

ನನ್ನ ಜನ್ಮದಲ್ಲಿ ಠಾಣೆಯ ಮೆಟ್ಟಿಲು ಹತ್ತಿದವಳಲ್ಲ. ಬರೆಯುವ ಮೇಜಿನ ಹಿಂದೆ ಇದ್ದವನು ತಲೆ ಎತ್ತದೆ, "ಯಾರು ಹೊಡೆದ್ರು, ಗಂಡನಾ?" ಅಂದ.

"ನನ್ನನ್ನಲ್ಲ ಸಾಮಿ. ನಮ್ಮ ಆನೇನ."

ಅವನು ತಲೆ ಎತ್ತಿದ. "ಆನೆ ಕಳೆದುಹೋಯ್ತಾ?"

"ಇಲ್ಲ ಸಾಮಿ. ಕಾಲು ಕೊಳೆತೋಗಿದೆ. ಆದ್ರೂ ದಿಮ್ಮಿ ಎಳೆಸ್ತಾರೆ."

"ಅದು ಅರಣ್ಯದವರ ಕೆಲಸ. ಅಲ್ಲಿಗೆ ಹೋಗು."

ಅರಣ್ಯದ ಕಚೇರಿ ಊರಿನ ಇನ್ನೊಂದು ತುದಿ. ಅಲ್ಲಿಯ ಗುಮಾಸ್ತ ಸಮಾಧಾನವಾಗಿಯೇ ಕೇಳಿಸಿಕೊಂಡ. "ಕಾಡಾನೆ ಆದ್ರೆ ನಮ್ಮದು ತಾಯಿ. ಸಾಕಿದ ಆನೆಗೆ ಹಿಂಸೆ ಅಂದ್ರೆ ಪೊಲೀಸರದು." ಮತ್ತೆ ಠಾಣೆಗೆ ಬಂದೆ. ಬರೆಯುವವನು ಊಟಕ್ಕೆ ಹೋಗಿದ್ದ. ಅಲ್ಲೇ ಗೋಡೆಗೆ ಒರಗಿ ಕೂತೆ. ಬಿಟ್ಟುಬಿಡೋಣ, ಯಾರೂ ನೋಡಿಲ್ಲ, ಮನೆಗೆ ಹೋಗಿಬಿಡೋಣ ಅನ್ನಿಸುತ್ತಿತ್ತು. ಆದರೆ ಕೈ ಎಷ್ಟು ತೊಳೆದಿದ್ದರೂ ಗಾಯದ ವಾಸನೆ ಬರುತ್ತಿತ್ತು.

ಆ ವಾಸನೆ ಹಿಡಿದೇ ಇರಬೇಕು, ಠಾಣೆಯ ದಫೇದಾರಮ್ಮ ಒಬ್ಬರು ನನ್ನ ಮುಂದೆ ಬಂದು ನಿಂತರು. ದಪ್ಪ ಹೆಂಗಸು, ಕನ್ನಡಕದ ಒಂದು ಕಡ್ಡಿ ಮುರಿದು ದಾರ ಕಟ್ಟಿಕೊಂಡಿದ್ದರು. ಈ ಠಾಣೆಗೆ ಬಂದು ತಿಂಗಳಾಗಿತ್ತಂತೆ. ನಾನು ಹೇಳಿದ್ದನ್ನೆಲ್ಲ ಕೇಳಿ, ಕಪಾಟಿನಿಂದ ಗೆದ್ದಲು ಹಿಡಿದ ಕಾನೂನು ಪುಸ್ತಕವೊಂದನ್ನು ತೆಗೆದು, ಬೆರಳು ಒದ್ದೆ ಮಾಡಿಕೊಂಡು ಹಾಳೆ ತಿರುವಿದರು.

"ಇದು ನಮ್ಮ ಕೆಲಸಾನೇ," ಅಂದರು. "ಇಲ್ಲಿದೆ ನೋಡು. ಸಾಕಿದ ಪ್ರಾಣಿಗೆ ಹಿಂಸೆ ಆಗ್ತಿದೆ ಅಂತ ನಂಬೋಕೆ ಕಾರಣ ಇದ್ರೆ ಪೊಲೀಸರು ಒಳಗೆ ಹೋಗಬಹುದು, ಕೆಲಸ ನಿಲ್ಲಿಸಬಹುದು, ಪ್ರಾಣೀನ ವಶಕ್ಕೆ ತಗೋಬಹುದು. ಯಾರ ಅಪ್ಪಣೇನೂ ಬೇಕಿಲ್ಲ."

"ನಿಜವಾಗ್ಲೂನಾ ಅಮ್ಮ?"

"ಬರೆದಿದೆ. ಮಾಡಿದವರು ಕಮ್ಮಿ." ಕನ್ನಡಕ ಸರಿಮಾಡಿಕೊಂಡು ಕೇಳಿದರು, "ಆನೆ ಯಾರ ಸುಪರ್ದಿಯಲ್ಲಿದೆ?"

ಆ ಮಾತು ನನಗೆ ಅರ್ಥವಾಗಲಿಲ್ಲ. "ನಮ್ಮ ಆನೆ ಅಮ್ಮ. ನನ್ನ ತಮ್ಮಾನೇ ನೋಡ್ಕೊಳ್ಳೋದು," ಅಂದೆ. ನಮ್ಮ ಜನ ಎಲ್ಲರೂ ಹಾಗೇ ಅನ್ನುವುದು. ಹಾಗನ್ನುವಾಗ ಸ್ವಲ್ಪ ಹೆಮ್ಮೆಯೂ ಇರುತ್ತದೆ. ಅವರು ಅದನ್ನು ಹಾಗೆಯೇ ಬರೆದುಕೊಂಡರು.

ಮಾರನೆಯ ದಿನ ಮಧ್ಯಾಹ್ನ ಯಜಮಾನರು ನನ್ನ ಅಡುಗೆ ಕೋಣೆಗೇ ಬಂದರು. ಹತ್ತು ವರ್ಷದಲ್ಲಿ ಒಂದು ದಿನವೂ ಬಂದವರಲ್ಲ. ಧಾನ್ಯದ ಮೂಟೆಯ ಮೇಲೆ ನೆಂಟರ ಹಾಗೆ ಕೂತು, ತಮ್ಮನನ್ನೂ ಕರೆಸಿದರು. ಎಂಟು ಕೂಡ ಸೌದೆಹೊರೆ ಇಳಿಸಲು ಬಂದವನು ಅಲ್ಲೇ ನಿಂತಿದ್ದ. ಎಂಟು ಅಂದರೆ ದೊಡ್ಡ ಗರಗಸದವನು. ಬಲಗೈಯ ಹೆಬ್ಬೆರಳನ್ನೂ ಪಕ್ಕದ ಬೆರಳನ್ನೂ ಅದೇ ಗರಗಸ ತಿಂದಿತ್ತು. ಉಳಿದ ಬೆರಳುಗಳ ಲೆಕ್ಕವೇ ಅವನ ಹೆಸರಾಯಿತು.

"ಯಾರೋ ಪುಣ್ಯಾತ್ಮರು ಠಾಣೇಲಿ ದೂರು ಕೊಟ್ಟಿದಾರೆ," ಅಂದರು ಯಜಮಾನರು. "ಠಾಣೇಲಿ ನಮ್ಮವರೂ ಇದಾರೆ, ಹೇಳಿದ್ರು. ನಾಳೆ ಹತ್ತು ಗಂಟೆಗೆ ಬರ್ತಾರಂತೆ."

ಸೌಟು ಕೈಯಿಂದ ಜಾರದ ಹಾಗೆ ಬಿಗಿಯಾಗಿ ಹಿಡಿದುಕೊಂಡೆ. ಯಜಮಾನರು ನನ್ನ ಕಡೆ ನೋಡುತ್ತಿರಲಿಲ್ಲ. ಜೇಬಿನಿಂದ ಕಾಗದವೊಂದನ್ನು ತೆಗೆದು ತಮ್ಮನ ಮುಂದೆ ಹಿಡಿದರು.

"ಇದರಲ್ಲಿರೋದು ಯಾರ ಹೆಬ್ಬೆಟ್ಟು?"

"ನಂದೇ. ಕಾಲಿಗೆ ಔಷಧಿ ತರಿಸೋಕೆ ಅಂದಿದ್ರಿ."

"ಔಷಧೀನೂ ಬಂತಲ್ಲ, ಒಂದು ಡಬ್ಬಿ. ಇದರಲ್ಲಿ ಏನು ಬರೆದಿದೆ ಗೊತ್ತಾ? ಆನೆಯ ಪೂರ್ತಿ ಹೊಣೆ ಮಾವುತನಾದ ನಂದು, ಅದಕ್ಕೆ ಏನಾದ್ರೂ ನಾನೇ ಜವಾಬ್ದಾರಿ ಅಂತ. ಆ ಕಾಲು ಪೊಲೀಸರ ಕಣ್ಣಿಗೆ ಬಿತ್ತು ಅನ್ನು. ಒಳಗೆ ಹೋಗೋದು ನಾನಲ್ಲ. ನೀನು." ದನಿ ಏರಿಸಲೇ ಇಲ್ಲ. "ನಿನ್ನನ್ನ ಉಳಿಸೋಕೇ ಬಂದಿದೀನಿ ಕಣಪ್ಪ."

ಉಳಿಸುವ ದಾರಿಯನ್ನೂ ಅವರೇ ಹೇಳಿದರು. ದೊಡ್ಡಮ್ಮನನ್ನು ಮರದ ಹೊಟ್ಟು ತುಂಬುವ ಹಿಂದಿನ ಕೊಟ್ಟಿಗೆಗೆ ಹಾಕಿ ಬೀಗ ಜಡಿಯಬೇಕು. ದೊಡ್ಡಮ್ಮನ ಗಂಟೆ ಬಿಚ್ಚಿ ಚಿಕ್ಕಮ್ಮನಿಗೆ ಕಟ್ಟಿ, ಇವಳೇ ಅವಳು ಎಂದು ತೋರಿಸಬೇಕು. ಅವರು ಇರುವಷ್ಟು ಹೊತ್ತೂ ದೊಡ್ಡ ಗರಗಸ ಓಡುತ್ತಲೇ ಇರಬೇಕು. ತಮ್ಮ ಮಾತ್ರ ಬಾಯಿ ಬಿಡಬಾರದು. ಅವನ ದನಿ ಎಲ್ಲಿ ಕೇಳಿದರೂ ದೊಡ್ಡಮ್ಮ ಉತ್ತರ ಕೊಡುತ್ತಾಳೆಂದು ಮಿಲ್ಲಿನಲ್ಲಿ ಎಲ್ಲರಿಗೂ ಗೊತ್ತಿತ್ತು. ಮೇವಿನ ಹೊತ್ತಿಗೆ ಅವನು "ದೊಡ್ಡಮ್ಮಾ, ಹೊತ್ತಾಯ್ತು ಬಾರೇ" ಎಂದು ಕೂಗಿದರೆ ಅವಳ ದನಿಗೆ ನಮ್ಮ ಕೋಣೆಯ ತಗಡು ಗಡಗಡ ಅನ್ನುತ್ತಿತ್ತು.

"ಗಂಟಲು ನೋವು ಅಂತ ಕುತ್ತಿಗೆಗೆ ಬಟ್ಟೆ ಸುತ್ತಿಕೋ," ಎಂದು ಎದ್ದು ಹೋದರು.

ತಮ್ಮ ನೆಲದ ಮೇಲೆ ಕುಸಿದು ಕೂತ. "ಯಾರಕ್ಕ ದೂರು ಕೊಟ್ಟಿದ್ದು? ಅವರ ಮನೆ ಹಾಳಾಗ," ಅಂದ. ಹೇಳಬೇಕಿತ್ತು. ಹೇಳಲಿಲ್ಲ.

ಎಂಟು ಸೌದೆಹೊರೆ ಬಿಚ್ಚುತ್ತಾ ಗೊಣಗಿದ. "ಆನೆ ಕಾಲಿಗೆ ಪೊಲೀಸು, ಪುಸ್ತಕ, ಕಾನೂನು. ನನ್ನ ಬೆರಳು ಹೋದಾಗ ಯಾರು ಬಂದಿದ್ರು? ಹೊಟ್ಟಿನ ಜೊತೆ ಗುಡಿಸಿ ಹಾಕಿದ್ರು. ಮುಂದಿನ ಜನ್ಮದಲ್ಲಿ ನಾನೂ ಆನೆಯಾಗಿ ಹುಟ್ತೀನಿ ಬಿಡು."

"ನಿನ್ನ ಹೊಟ್ಟೆಗೆ ಉಂಡೆ ಕಟ್ಟೋಳೂ ನಾನೇ ಆಗ್ತೀನೇನೋ," ಅಂದೆ. ಯಾರಿಗೂ ನಗು ಬರಲಿಲ್ಲ.

ಬೆಳಗ್ಗೆ ದೊಡ್ಡಮ್ಮನನ್ನು ಕೊಟ್ಟಿಗೆಗೆ ಹಾಕುವಾಗ ಅವಳು ಬಾಗಿಲಲ್ಲಿ ನಿಂತುಬಿಟ್ಟಳು. ಕತ್ತಿನಲ್ಲಿ ಗಂಟೆ ಇರಲಿಲ್ಲ. ತಲೆ ಅಲ್ಲಾಡಿಸಿ ನೋಡಿದಳು, ಸದ್ದು ಬರಲಿಲ್ಲ, ಮತ್ತೆ ಅಲ್ಲಾಡಿಸಿದಳು. ತಮ್ಮ ಕುತ್ತಿಗೆಗೆ ಬಟ್ಟೆ ಸುತ್ತಿಕೊಂಡಿದ್ದ, ಬಾಯಿ ಬಿಡದೆ ಅಂಗೈಯಿಂದ ಅವಳನ್ನು ಒಳಗೆ ತಳ್ಳಿದ. ಅವನು ಮಾತಾಡದೆ ಅವಳನ್ನು ನಡೆಸಿದ್ದು ಅದೇ ಮೊದಲು. ಯಜಮಾನರ ಆಳು ಬೀಗ ಹಾಕಿ ಕೀಲಿ ತೆಗೆದುಕೊಂಡು ಹೋದ.

ಹತ್ತಕ್ಕೆ ಜೀಪು ಬಂತು. ಇನ್‌ಸ್ಪೆಕ್ಟರು ಇಳಿದರು, ಹಿಂದೆಯೇ ದಫೇದಾರಮ್ಮ. ನಾನು ಅಡುಗೆ ಕೋಣೆಯ ಬಾಗಿಲಲ್ಲಿ ನಿಂತಿದ್ದೆ. ದಫೇದಾರಮ್ಮ ಗುರುತು ಹಿಡಿದು ಮಾತಾಡಿಸಿದರೆ ನನ್ನ ಕಥೆ ಮುಗಿಯಿತು ಎಂದು ಬೆವೆತುಹೋದೆ. ಅವರು ನನ್ನನ್ನು ಅಪರಿಚಿತಳನ್ನು ನೋಡುವಂತೆ ನೋಡಿ ಮುಂದೆ ಹೋದರು.

ಎಂಟು ಮಿಲ್ಲಿನಲ್ಲೇ ಅತಿ ಗಟ್ಟಿಯಾದ ದಿಮ್ಮಿಯನ್ನು ಗರಗಸಕ್ಕೆ ಕೊಟ್ಟಿದ್ದ. ಹಲ್ಲು ಜುಮ್ಮೆನ್ನುವ ಸದ್ದು. ಪಕ್ಕದಲ್ಲಿ ನಿಂತವರೂ ಕಿರುಚಿ ಮಾತಾಡಬೇಕಿತ್ತು.

ಅಂಗಳದಲ್ಲಿ ಚಿಕ್ಕಮ್ಮನನ್ನು ನಿಲ್ಲಿಸಿದ್ದರು. ಕಾಲುಗಳಿಗೆ ಎಣ್ಣೆ ಹಚ್ಚಿ ಮಿರಮಿರ ಮಿಂಚಿಸಿದ್ದರು. ಇನ್‌ಸ್ಪೆಕ್ಟರು ಕುರ್ಚಿಯಿಂದ ಏಳದೆಯೇ, "ನಾಲ್ಕೂ ಕಾಲು ಚೆನ್ನಾಗಿವೆಯಲ್ಲ," ಅಂದರು. ದಫೇದಾರಮ್ಮ ಮಾತ್ರ ದೊಡ್ಡಮ್ಮನ ಗುರುತು ಬರೆದ ನೋಂದಣಿ ಕಾಗದ ಹಿಡಿದು ಆನೆಯ ಸುತ್ತ ಬಂದರು.

"ಸಾರ್, ಐವತ್ತಾರು ವರ್ಷ ಅಂತಿದೆ. ಎಡಗಿವೀಲಿ ತೂತು ಅಂತಿದೆ. ಇದಕ್ಕೆ ತೂತಿಲ್ಲ."

"ಮುಚ್ಚಿಕೊಂಡಿರುತ್ತೆ," ಅಂದರು ಯಜಮಾನರು.

"ಹಳೇ ಕಾಗದಮ್ಮ, ತಪ್ಪಿರುತ್ತೆ," ಅಂದರು ಇನ್‌ಸ್ಪೆಕ್ಟರು.

ಚಿಕ್ಕಮ್ಮ ನಿಂತಲ್ಲಿ ನಿಲ್ಲುತ್ತಿರಲಿಲ್ಲ. ಮರಿಯಾಗಿದ್ದಾಗಿನಿಂದ ಆ ಗಂಟೆಯ ಸದ್ದಿನ ಹಿಂದೆಯೇ ನಡೆದು ಬೆಳೆದವಳು. ಈಗ ಅದು ತನ್ನ ಕೊರಳಲ್ಲೇ ಕೇಳಿಸುತ್ತಿದೆ, ದೊಡ್ಡಮ್ಮ ಮಾತ್ರ ಎಲ್ಲೂ ಇಲ್ಲ. ಸುತ್ತ ತಿರುಗಿ ಹುಡುಕಿದಳು. ಕೊನೆಗೆ ಹೊಟ್ಟಿನ ಕೊಟ್ಟಿಗೆಯ ಕಡೆ ಮುಖ ಮಾಡಿ, ಸೊಂಡಿಲು ಚಾಚಿ ನಿಂತಳು. ತಮ್ಮ ಎಷ್ಟು ಎಳೆದರೂ ತಿರುಗಲಿಲ್ಲ. ಆನೆ ಇಟ್ಟುಕೊಂಡವರಿಗೆ ಆನೆ ಗೊತ್ತಿರುವುದಿಲ್ಲ, ಆ ಉಪಾಯ ಮಾಡಿದವರಿಗೆ ಇದು ಹೊಳೆದಿರಲಿಲ್ಲ.

ದಫೇದಾರಮ್ಮ ಆ ಕಡೆಯೇ ನೋಡಿದರು. "ಆ ಕೊಟ್ಟಿಗೇಲಿ ಏನಿದೆ?"

"ಹೊಟ್ಟು."

"ಎರಡನೇ ಆನೆ ಎಲ್ಲಿ?"

"ಮೇಯೋಕೆ ಬಿಟ್ಟಿದೀವಿ."

"ಬಾಗಿಲು ತೆಗೀರಿ."

ಯಜಮಾನರು ಇನ್‌ಸ್ಪೆಕ್ಟರ ಕಡೆ ತಿರುಗಿ, "ವಾರಂಟ್ ತಂದಿದೀರಾ ಸಾರ್?" ಎಂದು ಕಿರುಚಿದರೂ ವಿನಯ ಬಿಡದೆ ಕೇಳಿದರು.

"ಕಾರಣ ಇಲ್ದೆ ಇನ್ನೊಬ್ಬರ ಬಾಗಿಲು ತೆಗೆಸೋಕಾಗಲ್ಲಮ್ಮ," ಅಂದರು ಇನ್‌ಸ್ಪೆಕ್ಟರು.

"ಕಾರಣ ಇದ್ರೆ ವಾರಂಟ್ ಬೇಕಿಲ್ಲ ಸಾರ್. ಕಾನೂನು ನಮಗೇ ಅಧಿಕಾರ ಕೊಟ್ಟಿದೆ."

"ಹೌದಮ್ಮ, ಕೊಟ್ಟಿದೆ. ಕಾರಣ ಎಲ್ಲಿದೆ? ತೋರಿಸು."

ದಫೇದಾರಮ್ಮ ಅಂಗಳದಲ್ಲಿದ್ದ ಒಬ್ಬೊಬ್ಬರ ಮುಖವನ್ನೂ ನೋಡಿದರು. ಹೊರೆಯಾಳುಗಳು ನೆಲ ನೋಡಿದರು. ಕೊನೆಗೆ ನನ್ನನ್ನು ನೋಡಿದರು. ಬೇಡುವಂಥ ನೋಟ. ನಾನು ಬಾಯಿ ತೆರೆದೆ. ಅವಳು ಅಲ್ಲೇ ಇದ್ದಾಳೆ ಎಂಬ ಮೂರು ಮಾತು, ಅಷ್ಟೇ. ಮೂರು ಮಾತು ಆಡಿದರೆ ತಮ್ಮ ಜೈಲಿಗೆ. ಆಡದಿದ್ದರೆ ನಾಳೆ ಬೆಳಗ್ಗೆ ಮೂಳೆಯ ಮೇಲೆ ಸರಪಳಿ. ದನಿ ಬರಲಿಲ್ಲ. ಬಂದಿದ್ದರೂ ಆ ಗರಗಸದ ಮುಂದೆ ಯಾರಿಗೆ ಕೇಳಿಸುತ್ತಿತ್ತು? ನಾನು ಎಂಟುವಿನ ಕಡೆ ತಿರುಗಿದೆ. ಯಾಕೆ ತಿರುಗಿದೆನೋ ಗೊತ್ತಿಲ್ಲ, ನೋಡಲು ಬೇರೆ ಯಾರೂ ಇರಲಿಲ್ಲ.

ಅವನು ನನ್ನನ್ನೇ ನೋಡುತ್ತಿದ್ದ. ಆಮೇಲೆ ತನ್ನ ಬಲಗೈ ನೋಡಿಕೊಂಡ. ಎಡಗೈ ಚಾಚಿ ಸ್ವಿಚ್ಚನ್ನು ಕೆಳಕ್ಕೆ ಎಳೆದ.

ಗರಗಸ ಕಿರುಗುಟ್ಟುತ್ತಾ ನಿಂತಿತು. ಅಷ್ಟು ನಿಶ್ಶಬ್ದವನ್ನು ಆ ಮಿಲ್ಲಿನಲ್ಲಿ ನಾವು ಹಗಲು ಹೊತ್ತು ಕೇಳಿಯೇ ಇರಲಿಲ್ಲ. ಯಜಮಾನರು, "ಏ, ಯಾಕೋ ನಿಲ್ಲಿಸಿದೆ?" ಅಂದರು.

"ಬೆಲ್ಟು ಬಿಸಿಯಾಗಿದೆ," ಅಂದ ಎಂಟು.

"ಶುರು ಮಾಡೋ."

"ತಣ್ಣಗಾಗಲಿ." ಅಷ್ಟು ಹೇಳಿ ಸ್ವಿಚ್ಚಿನ ಮುಂದೆ ಬೆನ್ನು ಕೊಟ್ಟು ನಿಂತ. ಹಲಗೆ ಹೊರುವ ಇಬ್ಬರು ಹೊರೆ ಇಳಿಸಿ ಅವನ ಅಕ್ಕಪಕ್ಕ ಬಂದು ನಿಂತರು. ಅವರ ಮುಖವೂ ಹೆದರಿಕೆಯಿಂದ ಬಿಳಿಚಿಕೊಂಡಿತ್ತು.

ಆಗ ತಮ್ಮ ಕುತ್ತಿಗೆಯ ಬಟ್ಟೆ ಬಿಚ್ಚಿದ. ಯಜಮಾನರು ಅವನಿಗೆ ಕಾಗದವಿದ್ದ ಜೇಬನ್ನು ಮುಟ್ಟಿ ತೋರಿಸಿದರು. ಅವನು ನೋಡಿದ. ಕಣ್ಣಿನಿಂದ ನೀರು ಇಳಿಯುತ್ತಿತ್ತು. ಅಷ್ಟು ಹೆದರಿದ ಮನುಷ್ಯನನ್ನು ನಾನು ನೋಡಿಲ್ಲ.

"ದೊಡ್ಡಮ್ಮಾ," ಎಂದು ಕೂಗಿದ. "ಹೊತ್ತಾಯ್ತು ಬಾರೇ."

ಕೊಟ್ಟಿಗೆಯ ತಗಡು ಅದುರಿತು. ಒಂದು ಸಲ ಅಲ್ಲ, ಮೂರು ಸಲ ಉತ್ತರ ಕೊಟ್ಟಳು. ಚಿಕ್ಕಮ್ಮನೂ ಸೊಂಡಿಲೆತ್ತಿ ದನಿಗೂಡಿಸಿದಳು. ಇನ್‌ಸ್ಪೆಕ್ಟರು ಕುರ್ಚಿಯಿಂದ ಎದ್ದಿದ್ದರು.

"ಹೊಟ್ಟು ಮಾತಾಡ್ತಿದೆ ಸಾರ್," ಅಂದರು ದಫೇದಾರಮ್ಮ. "ಕಾರಣ ಸಾಕಾ?"

ಬೀಗ ಒಡೆದರು. ದೊಡ್ಡಮ್ಮ ಮೂರು ಕಾಲಿನಲ್ಲಿ ಕುಂಟುತ್ತಾ ಬಂದು ತಮ್ಮನ ಹೆಗಲ ಮೇಲೆ ಸೊಂಡಿಲು ಹಾಕಿದಳು. ಗಾಯದ ವಾಸನೆಗೆ ಇನ್‌ಸ್ಪೆಕ್ಟರು ಮೂಗಿಗೆ ಕರವಸ್ತ್ರ ಹಿಡಿದರು. ಇನ್ನು ಕಾಣಲಿಲ್ಲ, ಕೇಳಲಿಲ್ಲ ಅನ್ನುವಂತಿರಲಿಲ್ಲ. ಯಜಮಾನರು ಜೇಬಿನಿಂದ ಆ ಹೆಬ್ಬೆಟ್ಟಿನ ಕಾಗದ ತೆಗೆದು ಅವರ ಕೈಗಿಟ್ಟರು.

ಇನ್‌ಸ್ಪೆಕ್ಟರು ಓದಿ ತಲೆಯಾಡಿಸಿದರು. "ಹೊಣೆ ಮಾವುತನದು. ದೂರಿನಲ್ಲೂ ಹಾಗೇ ಇದೆ, ನಮ್ಮ ಆನೆ, ನನ್ನ ತಮ್ಮಾನೇ ನೋಡ್ಕೊಳ್ಳೋದು ಅಂತ. ಇವನನ್ನ ಜೀಪಿಗೆ ಹತ್ತಿಸಿ."

ತಮ್ಮ ನನ್ನ ಕಡೆ ತಿರುಗಿದ. ಅವನಿಗೆ ಆಗ ತಿಳಿಯಿತು. ಬೈಯಲಿಲ್ಲ. ಬೈದಿದ್ದರೆ ಇವತ್ತು ನನಗೆ ಸ್ವಲ್ಪ ನಿದ್ದೆಯಾದರೂ ಬರುತ್ತಿತ್ತು. ಅವನ ಕೈಗೆ ಕೋಳ ಹಾಕಿ ಜೀಪಿನಲ್ಲಿ ಕೂರಿಸಿದರು.

"ಇದೆಂಥ ನ್ಯಾಯ ಸಾರ್," ಅಂದರು ದಫೇದಾರಮ್ಮ. "ದಿಮ್ಮಿ ಎಳೆಸಿದ್ದು ಯಾರ ಅಪ್ಪಣೆ ಮೇಲೆ, ಬೀಗ ಹಾಕಿಸಿದ್ದು ಯಾರು, ಅದೂ ಬರೀಬೇಕು. ಆ ಕಾನೂನು ಪುಸ್ತಕದಲ್ಲಿ ಒಡೆಯನ ಹೊಣೇನೂ ಬರೆದಿದೆ."

"ಸಾಕ್ಷಿ ಎಲ್ಲಿದೆ? ಯಾರು ಹೇಳ್ತಾರೆ?"

ಹೆದರಿಕೆ ಹೋಯಿತು ಎಂದು ಸುಳ್ಳು ಹೇಳಲಾರೆ. ಆದರೆ ದನಿ ಬಂತು. "ನಾನು ಹೇಳ್ತೀನಿ," ಅಂದೆ. "ದೂರು ಕೊಟ್ಟಿದ್ದು ನಾನೇ. ಬರ್ಕೊಳ್ಳಿ. ಬರೆದದ್ದನ್ನ ಗಟ್ಟಿಯಾಗಿ ಓದಿ ಹೇಳಿ. ಓದಿ ಹೇಳೋವರೆಗೂ ಹೆಬ್ಬೆಟ್ಟು ಒತ್ತಲ್ಲ."

ಯಜಮಾನರು ನನ್ನನ್ನು ನೋಡಿ, "ಸಂಜೆಯೊಳಗೆ ಕೋಣೆ ಖಾಲಿ ಮಾಡು," ಅಂದರು.

"ಅದನ್ನೂ ಬರ್ಕೊಳ್ಳಿ ಅಮ್ಮ," ಅಂದೆ.

ದಫೇದಾರಮ್ಮ ಜೀಪಿನ ಮೂತಿಯ ಮೇಲೆ ಕಾಗದ ಹರಡಿ ಬರೆದರು, ಓದಿದರು. ನಾನು ಒತ್ತಿದೆ. ಹಲಗೆ ಹೊರುವವರು ಒಬ್ಬರ ಹಿಂದೆ ಒಬ್ಬರು ಬಂದು ಹೇಳಿದರು, ಓದಿಸಿ ಕೇಳಿದರು, ಒತ್ತಿದರು. ಇನ್‌ಸ್ಪೆಕ್ಟರು ಗಡಿಯಾರ ನೋಡಿಕೊಳ್ಳುತ್ತಿದ್ದರು. ಜೀಪಿನ ಹಿಂಬದಿಯಿಂದ ತಮ್ಮ ಕಂಬಿ ಹಿಡಿದು ನೋಡುತ್ತಿದ್ದ. ದೊಡ್ಡಮ್ಮ ಆ ಕಂಬಿಗೆ ಸೊಂಡಿಲು ಸುತ್ತಿಕೊಂಡು ನಿಂತಿದ್ದಳು, ಯಾರು ಗದರಿದರೂ ಬಿಡಲಿಲ್ಲ.

ಕೊನೆಗೆ ಎಂಟು ಬಂದ. ಇನ್‌ಸ್ಪೆಕ್ಟರು ಬೇಸರದಿಂದ ಮಸಿಯ ಡಬ್ಬಿ ತಳ್ಳಿದರು.

"ಬಲಗೈ ಹೆಬ್ಬೆಟ್ಟು ಒತ್ತು."

ಎಂಟು ಬಲಗೈ ಎತ್ತಿ ಅವರ ಮುಖದ ಮುಂದೆ ಹಿಡಿದ. ಹಿಡಿದೇ ಇದ್ದ.

"ಅದು ಎಲ್ಲಿ ಹೋಯ್ತು ಅಂತ ನಿಮ್ಮ ಪಕ್ಕದಲ್ಲಿ ನಿಂತಿರೋ ಯಜಮಾನರನ್ನ ಕೇಳಿ," ಅಂದ. "ಆನೆದು ಬರೆದು ಮುಗೀಲಿ. ನಂದೂ ಬರ್ಕೊಂಡೇ ಜೀಪು ಹೊರಡಬೇಕು."

ಜೀಪಿನ ದಾರಿಗೆ ಅಡ್ಡವಾಗಿ ನಾವು ಹನ್ನೊಂದು ಜನ ನಿಂತಿದ್ದೆವು. ದಫೇದಾರಮ್ಮ ಹೊಸ ಹಾಳೆ ತೆಗೆದರು.